ಗುಳೆ ಹೋದ ಕುಟುಂಬದ ತಡವಾದ ಮೇಲ್ಮನವಿ: ನನ್ನ ಅನುಭವ

ಮೋಟಾರು ವಾಹನ ಅಧಿನಿಯಮ, 1988ರ ಕಲಂ 173ರ ಪ್ರಕಾರ ಅಪಘಾತ ಪರಿಹಾರ ನಿರ್ಧರಿಸುವ ನ್ಯಾಯಮಂಡಳಿಯ ತೀರ್ಪಿನ ವಿರುದ್ಧ 90 ದಿನಗಳೊಳಗೆ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಬೇಕು. ಸಾಕಷ್ಟು ಕಾರಣವಿದ್ದರೆ ವಿಳಂಬವನ್ನು ಮನ್ನಿಸುವ ಅಧಿಕಾರವೂ ಅದೇ ಕಲಮಿನಲ್ಲಿದೆ. ಹೈಕೋರ್ಟಿನ ಕಲಬುರಗಿ ಪೀಠದಲ್ಲಿ ವಕೀಲಿ ಮಾಡುವ ನನ್ನಲ್ಲಿಗೆ ಬರುವ ಬಡ ಕುಟುಂಬಗಳಲ್ಲಿ ಹೆಚ್ಚಿನವು ಆ ಅವಧಿ ಮುಗಿದು ಎಷ್ಟೋ ಕಾಲವಾದ ಮೇಲೆಯೇ ಬರುತ್ತವೆ.

ಸುರಪುರ ತಾಲ್ಲೂಕಿನ ಒಬ್ಬ ತಾಯಿ 2021ರಲ್ಲಿ ಹಾಗೆಯೇ ಬಂದರು. ಅಪಘಾತದಲ್ಲಿ ತೀರಿಕೊಂಡ ಅವರ ಪತಿ 34 ವರ್ಷದ ಗಾರೆ ಕೆಲಸದವರು. ಪತ್ನಿ, ಇಬ್ಬರು ಮಕ್ಕಳು ಮತ್ತು ತಾಯಿ ಅವರ ದುಡಿಮೆಯನ್ನೇ ನಂಬಿದ್ದರು. ನ್ಯಾಯಮಂಡಳಿ 2016ರಲ್ಲಿ 8,18,000 ರೂಪಾಯಿ ಪರಿಹಾರ ಕೊಟ್ಟಿತ್ತು. “ರೊಕ್ಕ ತಗೊಂಡೀವಿ ಸಾಹೇಬ್ರೆ, ಈಗ ಮತ್ತ ಕೇಳ್ಲಿಕ್ಕೆ ಬರ್ತದೇನ್ರಿ?” ಎಂಬುದು ಅವರ ಮೊದಲ ಪ್ರಶ್ನೆಯಾಗಿತ್ತು. ತೀರ್ಪಿನಂತೆ ವಿಮಾ ಕಂಪನಿ ಠೇವಣಿಯಿಟ್ಟ ಹಣವನ್ನು ಪಡೆದುಕೊಂಡ ಮಾತ್ರಕ್ಕೆ ಹೆಚ್ಚಿನ ಪರಿಹಾರ ಕೇಳುವ ಹಕ್ಕು ಹೋಗುವುದಿಲ್ಲ. ಲೋಕ ಅದಾಲತ್‌ನಲ್ಲಿ ರಾಜಿಯಾಗಿದ್ದರೆ ಮಾತ್ರ ಮೇಲ್ಮನವಿಗೆ ದಾರಿಯಿಲ್ಲ.

ವಿಳಂಬದ ಅರ್ಜಿಗೆ ಕೈಹಾಕುವ ಮೊದಲು ನಾನು ಲೆಕ್ಕ ಹಾಕುತ್ತೇನೆ, ಏಕೆಂದರೆ ಪರಿಹಾರ ಎಷ್ಟು ಕಡಿಮೆಯಾಗಿದೆ ಎಂಬುದು ಕಣ್ಣಿಗೆ ಕಟ್ಟಿದರೆ ವಿಳಂಬದ ಪ್ರಶ್ನೆಯನ್ನು ನೋಡುವ ದೃಷ್ಟಿಯೂ ಬದಲಾಗುತ್ತದೆ. ನ್ಯಾಯಮಂಡಳಿ ತಿಂಗಳ ಆದಾಯವನ್ನು 6,000 ಎಂದು ಹಿಡಿದು, ಸ್ವಂತ ಖರ್ಚಿಗೆಂದು ಮೂರನೇ ಒಂದು ಭಾಗ ಕಳೆದು, ಉಳಿದದ್ದನ್ನು ವರ್ಷದ ಲೆಕ್ಕಕ್ಕೆ ತಂದು, ಮೃತರ ವಯಸ್ಸಿಗೆ ತಕ್ಕಂತೆ ಹಿಡಿಯುವ ಗುಣಕವಾದ 16ರಿಂದ ಗುಣಿಸಿ, ಉಳಿದ ಬಾಬುಗಳಿಗೆ 50,000 ಸೇರಿಸಿತ್ತು. ಗುಣಕವೊಂದು ಸರಿಯಾಗಿತ್ತು. ಆದಾಯಕ್ಕೆ ದಾಖಲೆಯಿಲ್ಲದಿದ್ದಾಗ ನಮ್ಮ ಹೈಕೋರ್ಟ್ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರದ ಪಟ್ಟಿಯನ್ನು ಆಧರಿಸುವುದು ರೂಢಿ. ಅದರಂತೆ ಇಲ್ಲಿ 8,500 ಆಗಬೇಕಿತ್ತು. ಸುಪ್ರೀಂ ಕೋರ್ಟಿನ ಸರಳಾ ವರ್ಮಾ ತೀರ್ಪಿನ (2009) ಪ್ರಕಾರ ಅವಲಂಬಿತರು ನಾಲ್ವರಿದ್ದಾಗ ಕಳೆಯಬೇಕಾದದ್ದು ನಾಲ್ಕನೇ ಒಂದು ಭಾಗ. ಅದೇ ಕೋರ್ಟಿನ ಪ್ರಣಯ್ ಸೇಠಿ ತೀರ್ಪು (2017) ಸ್ವಂತ ದುಡಿಮೆಯವರಿಗೂ 40 ವರ್ಷದೊಳಗಿದ್ದರೆ ಭವಿಷ್ಯದ ಆದಾಯವೆಂದು ಶೇ. 40 ಸೇರಿಸಬೇಕೆಂದು ಹೇಳಿದೆ. ಹೀಗೆ 8,500ಕ್ಕೆ 3,400 ಕೂಡಿ 11,900 ಆಗಿ, ಕಾಲು ಭಾಗ ಕಳೆದರೆ 8,925 ಉಳಿಯುತ್ತದೆ. ಅದನ್ನು ವರ್ಷದ 12 ತಿಂಗಳಿಂದಲೂ 16ರ ಗುಣಕದಿಂದಲೂ ಗುಣಿಸಿದರೆ 17,13,600. ಮ್ಯಾಗ್ಮಾ ತೀರ್ಪಿನಿಂದಾಗಿ (2018) ಸಾಂಗತ್ಯ ನಷ್ಟದ, ಅಂದರೆ ಮೃತರ ಪ್ರೀತಿ, ಒಡನಾಟ ಕಳೆದುಕೊಂಡದ್ದಕ್ಕೆ ಕೊಡುವ ಹಣ ಪತ್ನಿಗಷ್ಟೇ ಅಲ್ಲದೆ ಮಕ್ಕಳಿಗೂ ತಾಯಿಗೂ ಸಲ್ಲುತ್ತದೆ. ಮೂರು ವರ್ಷಕ್ಕೊಮ್ಮೆ ಆಗುವ ಶೇ. 10ರ ಏರಿಕೆ ಸೇರಿಸಿ ತಲಾ 44,000, ಆಸ್ತಿ ನಷ್ಟ ಹಾಗೂ ಅಂತ್ಯಕ್ರಿಯೆಗೆ 33,000 ಕೂಡಿಸಿದಾಗ ಒಟ್ಟು 19,22,600 ಆಯಿತು. ಆ ಕುಟುಂಬಕ್ಕೆ ಸಿಕ್ಕಿದ್ದು ಇದರ ಅರ್ಧಕ್ಕಿಂತಲೂ ಕಡಿಮೆ. ಮೂಲ ಅರ್ಜಿಯಲ್ಲಿ ಕೇಳಿದ್ದು 10 ಲಕ್ಷವಾದರೂ, ನ್ಯಾಯವಾದ ಪರಿಹಾರಕ್ಕೆ ಕೇಳಿದ ಮೊತ್ತವೇ ಮಿತಿಯಲ್ಲವೆಂದು ನಾಗಪ್ಪ ಪ್ರಕರಣದಲ್ಲಿ (2002) ಸುಪ್ರೀಂ ಕೋರ್ಟ್ ಹೇಳಿದ್ದರಿಂದ ಅದು ಅಡ್ಡಿಯಾಗಲಿಲ್ಲ.

ವಿಳಂಬ ಮನ್ನಾ ಅರ್ಜಿಯ ಪ್ರಮಾಣಪತ್ರದಲ್ಲಿ “ಕಾನೂನಿನ ಅರಿವಿರಲಿಲ್ಲ, ಅನಾರೋಗ್ಯವಿತ್ತು” ಎಂಬ ಸಿದ್ಧ ವಾಕ್ಯಗಳನ್ನು ನಾನು ಬರೆಸುವುದಿಲ್ಲ. ತೀರ್ಪಾದ ಮೇಲೆ ಏನೇನಾಯಿತೆಂದು ಅವರಿಂದಲೇ ಕೇಳಿ ಬರೆದುಕೊಂಡೆ. ತೀರ್ಪು ಬಂದ ಕೆಲವೇ ತಿಂಗಳಲ್ಲಿ ಅವರು ಮಕ್ಕಳನ್ನು ಕರೆದುಕೊಂಡು ಬೆಂಗಳೂರಿಗೆ ಗುಳೆ ಹೋಗಿದ್ದರು. ಊರಲ್ಲಿ ಅತ್ತೆಗೆ ಲಕ್ವಾ ಹೊಡೆದಿತ್ತು. ಮೇಲ್ಮನವಿಯೆಂಬುದು ಒಂದಿದೆಯೆಂದು ಅವರಿಗೆ ಯಾರೂ ಹೇಳಿರಲಿಲ್ಲ. ಪ್ಲಾಸ್ಟಿಕ್ ಚೀಲದಲ್ಲಿ ತಂದಿದ್ದ ಕಾಗದಗಳಲ್ಲಿ ಹಿರಿಯ ಮಗನ ಶಾಲೆಯ ಟಿ.ಸಿ. ಸಿಕ್ಕಿತು. ಶಾಲೆ ಬಿಟ್ಟ ದಿನಾಂಕ ತೀರ್ಪಿನ ನಂತರದ್ದು. ಕಾರಣದ ಅಂಕಣದಲ್ಲಿ ಮುಖ್ಯೋಪಾಧ್ಯಾಯರು “ಪಾಲಕರು ಕೂಲಿಗಾಗಿ ಬೆಂಗಳೂರಿಗೆ” ಎಂದು ಕೈಬರಹದಲ್ಲಿ ಬರೆದಿದ್ದರು. ಅತ್ತೆಯ ಚಿಕಿತ್ಸೆಯ ಚೀಟಿಗಳ ಜೊತೆಗೆ ಅದನ್ನೂ ಲಗತ್ತಿಸಿದೆ. ಹತ್ತು ಪುಟಗಳ ವಾದಕ್ಕಿಂತ ಇಂಥ ಒಂದು ಸಾಲಿಗೆ ಬೆಲೆ ಹೆಚ್ಚೆಂದು ನಾನು ದೃಢವಾಗಿ ನಂಬಿದ್ದೇನೆ. ಕಾನೂನಿನ ಬೆಂಬಲಕ್ಕೆ ಬ್ರಹ್ಮಪಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ 2020ರ ತೀರ್ಪನ್ನು ಮುಂದಿಟ್ಟೆ. ಮೋಟಾರು ವಾಹನ ಅಧಿನಿಯಮ ಕಲ್ಯಾಣದ ಉದ್ದೇಶವುಳ್ಳ ಕಾನೂನಾದ್ದರಿಂದ ಅಪಘಾತ ಸಂತ್ರಸ್ತರ ವಿಳಂಬವನ್ನು ಉದಾರವಾಗಿ ನೋಡಬೇಕೆಂಬುದು ಅದರ ಸಾರ.

ವಿಮಾ ಕಂಪನಿಯ ವಕೀಲರು ನಿರೀಕ್ಷೆಯಂತೆ ಆಕ್ಷೇಪಿಸಿದರು. ಇಲ್ಲಿ ಬಡ್ಡಿಯ ಮಾತು ಬರುತ್ತದೆ. ವಿಳಂಬವನ್ನು ಮನ್ನಿಸುವಾಗ ಹೆಚ್ಚುವರಿ ಮೊತ್ತದ ಮೇಲೆ ವಿಳಂಬದ ಅವಧಿಗೆ ಬಡ್ಡಿಯಿಲ್ಲವೆಂದು ಷರತ್ತು ಹಾಕುವುದು ಹೈಕೋರ್ಟಿನಲ್ಲಿ ಸಾಮಾನ್ಯ. ಶೇ. 6ರಂತೆ ಈ ಪ್ರಕರಣದಲ್ಲಿ ವರ್ಷಕ್ಕೆ 66,000ಕ್ಕೂ ಹೆಚ್ಚು ಹಣ ಬಿಡಬೇಕಾಗುತ್ತದೆಂದು ಆ ತಾಯಿಗೆ ಮೊದಲೇ ವಿವರಿಸಿ, ಒಪ್ಪಿಗೆ ಪಡೆದು, ಆ ಅವಧಿಯ ಬಡ್ಡಿ ಕೇಳುವುದಿಲ್ಲವೆಂದು ನಾನೇ ಮೆಮೊ ಸಲ್ಲಿಸಿದೆ. ಕೂಲಿಗಾಗಿ ಊರು ಬಿಟ್ಟ ವಿಧವೆಯಿಂದ ಬಡ್ಡಿ ಕಸಿದುಕೊಳ್ಳುವುದು ನ್ಯಾಯವೇ ಎಂದು ಕೇಳುವ ಸಹೋದ್ಯೋಗಿಗಳಿದ್ದಾರೆ. ಅವರ ಸಂಕಟ ನನ್ನದೂ ಹೌದು. ಆದರೂ ಸುಮಾರು 11 ಲಕ್ಷದ ಅಸಲನ್ನು ಅಪಾಯಕ್ಕೊಡ್ಡಿ ಬಡ್ಡಿಗಾಗಿ ಹಟ ಹಿಡಿಯುವುದು ನನಗೆ ಸರಿಯೆನಿಸಲಿಲ್ಲ.

ನ್ಯಾಯಾಲಯ ವಿಳಂಬವನ್ನು ಮನ್ನಿಸಿ, ಲೆಕ್ಕವನ್ನು ಒಪ್ಪಿ, 11,04,600 ರೂಪಾಯಿ ಹೆಚ್ಚುವರಿ ಪರಿಹಾರವನ್ನು ವಿಳಂಬದ ಅವಧಿ ಬಿಟ್ಟು ಉಳಿದ ಕಾಲದ ಬಡ್ಡಿಯೊಂದಿಗೆ ಠೇವಣಿ ಮಾಡಲು ಆದೇಶಿಸಿತು. ಮಕ್ಕಳ ಪಾಲನ್ನು ಅವರು ವಯಸ್ಕರಾಗುವವರೆಗೆ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿ ಇಡಬೇಕೆಂದೂ, ಅದರ ಬಡ್ಡಿಯನ್ನು ತಾಯಿ ಪಡೆದುಕೊಳ್ಳಬಹುದೆಂದೂ ಆದೇಶದಲ್ಲಿತ್ತು.