ನ್ಯೂಯಾರ್ಕಿನ ಸಿಟಿ ಹಾಲ್ ಹಳೆಯ ಸುರಂಗ ನಿಲ್ದಾಣ: ನೋಡುವ ಬಗೆ, ಅರಿಯುವ ಬಗೆ

ನ್ಯೂಯಾರ್ಕಿನ ಮೊದಲ ಸುರಂಗ ರೈಲುಮಾರ್ಗವು 1904ರ ಅಕ್ಟೋಬರ್ 27ರಂದು ಸಂಚಾರಕ್ಕೆ ತೆರೆದಾಗ, ಅದರ ದಕ್ಷಿಣ ತುದಿಯಲ್ಲಿದ್ದುದು ನಗರಾಡಳಿತ ಭವನದ ಸಮೀಪ ನೆಲದಡಿ ಕಟ್ಟಿದ ಸಿಟಿ ಹಾಲ್ ನಿಲ್ದಾಣ. ಮೇಯರ್ ಜಾರ್ಜ್ ಮೆಕ್ಲೆಲನ್ ಅವರು ಮೊದಲ ರೈಲನ್ನು ಸ್ವತಃ ನಡೆಸಿಕೊಂಡು ಹೊರಟದ್ದು ಇಲ್ಲಿಂದಲೇ. 1945ರ ಡಿಸೆಂಬರ್ 31ರಂದು ನಿಲ್ದಾಣವನ್ನು ಮುಚ್ಚಲಾಯಿತಾದರೂ ಹಳಿಗಳು ಇಂದಿಗೂ ಬಳಕೆಯಲ್ಲಿರುವುದರಿಂದ, ಸಾಮಾನ್ಯ ಟಿಕೆಟ್ಟಿನಲ್ಲೇ ಅದನ್ನು ನೋಡಿಬರಬಹುದು. ಆದರೆ ನೋಟ ಸಿಗುವುದು ಕೆಲವೇ ಕ್ಷಣ. ಏನನ್ನು ನೋಡಬೇಕೆಂಬುದು ಮೊದಲೇ ತಿಳಿದಿರದಿದ್ದರೆ ಕತ್ತಲು ಮತ್ತು ನಾಲ್ಕಾರು ದೀಪಗಳಷ್ಟೇ ಕಣ್ಣಿಗೆ ಬೀಳುತ್ತವೆ.

ಆದ್ದರಿಂದ ಹೊರಡುವ ಮುನ್ನ ಈ ನಿಲ್ದಾಣ ಏಕೆ ಮುಚ್ಚಿತು ಎಂಬುದನ್ನು ಅರಿತುಕೊಳ್ಳಿ. ರೈಲು ಹಿಂದುಮುಂದಾಗದೆ ಬಂದ ದಿಕ್ಕಿಗೇ ತಿರುಗಿಕೊಳ್ಳಲೆಂದು ಇಲ್ಲಿ ಹಳಿಯನ್ನು ಕುಣಿಕೆಯಾಕಾರದಲ್ಲಿ ಹಾಕಲಾಗಿತ್ತು; ಪ್ಲಾಟ್‌ಫಾರ್ಮ್ ಆ ತಿರುವಿನ ಹೊರಬದಿಯಲ್ಲಿತ್ತು. ಬಿಲ್ಲಿಗೂ ಅದರ ಹೆದೆಗೂ ನಡುವೆ ಮಧ್ಯಭಾಗದಲ್ಲಿ ಅಂತರ ಹೆಚ್ಚಿರುವಂತೆ, ಬಾಗಿದ ಪ್ಲಾಟ್‌ಫಾರ್ಮಿಗೂ ನೇರವಾದ ಬೋಗಿಗೂ ನಡುವೆ ಬೋಗಿಯ ಮಧ್ಯದಲ್ಲಿ ದೊಡ್ಡ ಸಂದು ಉಳಿಯುತ್ತಿತ್ತು. ಮೊದಮೊದಲ ಬೋಗಿಗಳಿಗೆ ಎರಡು ತುದಿಗಳಲ್ಲಿ ಮಾತ್ರ ಬಾಗಿಲಿದ್ದುದರಿಂದ ಇದು ತೊಂದರೆಯೆನಿಸಲಿಲ್ಲ. ಜನಸಂದಣಿ ಹೆಚ್ಚಿ ಮಧ್ಯದಲ್ಲೂ ಬಾಗಿಲುಗಳು ಬಂದ ಮೇಲೆ, ಆ ಬಾಗಿಲಿನಿಂದ ಇಳಿಯುವುದೇ ಅಪಾಯಕರವಾಯಿತು. ಜೊತೆಗೆ, ಐದು ಬೋಗಿಗಳಿಗಷ್ಟೇ ಸಾಕಾಗುವ ಪ್ಲಾಟ್‌ಫಾರ್ಮನ್ನು ಉದ್ದನೆಯ ರೈಲುಗಳಿಗಾಗಿ ವಿಸ್ತರಿಸಲು ಈ ತಿರುವಿನಲ್ಲಿ ಸುಲಭವಿರಲಿಲ್ಲ. ಸ್ವಲ್ಪವೇ ದೂರದಲ್ಲಿ ಬ್ರೂಕ್ಲಿನ್ ಬ್ರಿಜ್ ನಿಲ್ದಾಣವಿದ್ದು, ವೇಗದ ರೈಲುಗಳೂ ಅಲ್ಲಿ ನಿಲ್ಲುತ್ತಿದ್ದವು. ಜನ ಸಹಜವಾಗಿಯೇ ಅತ್ತ ವಾಲಿದರು. ಕೊನೆಗಾಲದಲ್ಲಿ ಸಿಟಿ ಹಾಲನ್ನು ಬಳಸುತ್ತಿದ್ದವರು ದಿನಕ್ಕೆ ಸುಮಾರು 600 ಮಂದಿ. ಇದರ ಚೆಲುವನ್ನು ಹೊಗಳುವ ಬರಹಗಳು ಬೇಕಾದಷ್ಟಿವೆ. ನನ್ನ ದೃಷ್ಟಿಯಲ್ಲಿ ಆ ಚೆಲುವಿಗೂ ಅವನತಿಗೂ ಕಾರಣವಾದದ್ದು ಒಂದೇ ತಿರುವು.

ನೋಡಲು ದಕ್ಷಿಣದತ್ತ ಸಾಗುವ 6ನೇ ಮಾರ್ಗದ ರೈಲು ಹತ್ತಿ. ಬ್ರೂಕ್ಲಿನ್ ಬ್ರಿಜ್–ಸಿಟಿ ಹಾಲ್ ಬಂದಾಗ ಇದೇ ಕೊನೆಯ ನಿಲ್ದಾಣವೆಂಬ ಘೋಷಣೆ ಕೇಳಿಸುತ್ತದೆ ಮತ್ತು ಬಹುತೇಕ ಎಲ್ಲರೂ ಇಳಿಯುತ್ತಾರೆ. ನೀವು ಇಳಿಯದೆ ಕುಳಿತಿರಿ. ಸಿಬ್ಬಂದಿ ಇಳಿಯಲು ಹೇಳಿದರೆ ಮಾತ್ರ ವಾದಿಸದೆ ಇಳಿದು ಮುಂದಿನ ರೈಲಿಗೆ ಕಾಯಿರಿ. ರೈಲು ಸಾಗುವ ದಿಕ್ಕಿಗೆ ಬಲಬದಿಯ ಕಿಟಕಿಯ ಬಳಿ ನಿಂತು, ಬೋಗಿಯೊಳಗಿನ ಬೆಳಕು ಗಾಜಿನಲ್ಲಿ ಪ್ರತಿಫಲಿಸದಂತೆ ಎರಡೂ ಅಂಗೈಗಳನ್ನು ಕಣ್ಣಿನ ಪಕ್ಕಕ್ಕೆ ಮರೆಮಾಡಿ ಹಿಡಿಯಿರಿ. ಫೋಟೊ ತೆಗೆಯುವವರು ಫ್ಲ್ಯಾಷ್ ಆರಿಸಿ, ಕ್ಯಾಮೆರಾವನ್ನು ಗಾಜಿಗೆ ತಾಗಿಸಿ ಹಿಡಿಯುವುದು ಲೇಸು. ಚಕ್ರಗಳು ಹಳಿಗೆ ಉಜ್ಜಿ ಕಿರುಗುಟ್ಟತೊಡಗಿತೆಂದರೆ ತಿರುವು ಬಂತೆಂದು ತಿಳಿಯಿರಿ.

ಆಗ ಮೊದಲು ಮೇಲಕ್ಕೆ ನೋಡಿ. ಒಂದರ ಹಿಂದೊಂದು ಬಾಗುತ್ತ ಹೋಗುವ ಕಮಾನುಗಳು ಸ್ಪೇನ್ ಮೂಲದ ರಫೇಲ್ ಗ್ವಾಸ್ಟವಿನೊ ಅವರು ಅಮೆರಿಕಕ್ಕೆ ತಂದ ವಿಧಾನದಲ್ಲಿ ರಚಿತವಾದವು: ತೆಳುವಾದ ಹೆಂಚುಬಿಲ್ಲೆಗಳನ್ನು ಗಾರೆಯಲ್ಲಿ ಪದರಪದರವಾಗಿ ಕೂಡಿಸಿ, ಉಕ್ಕಿನ ತೊಲೆಗಳ ಆಸರೆ ಕಾಣದಂತೆ ಕಟ್ಟುವ ಕ್ರಮವಿದು. ಸೀಸದ ಪಟ್ಟಿಗಳಲ್ಲಿ ಗಾಜು ಕೂಡಿಸಿದ ಬೆಳಕಿಂಡಿಗಳೂ ಹಿತ್ತಾಳೆಯ ತೂಗುದೀಪಗಳೂ ಕಾಣುತ್ತವೆ. ಎರಡನೆಯ ಮಹಾಯುದ್ಧದ ಕಾಲದಲ್ಲಿ, ರಾತ್ರಿ ಬೆಳಕು ಹೊರಬೀಳದಂತೆ ಈ ಗಾಜುಗಳಿಗೆ ಡಾಂಬರು ಬಳಿಯಲಾಗಿತ್ತು. ಇನ್ನೊಂದು ಸುತ್ತು ಬರುವುದಾದರೆ ಪ್ಲಾಟ್‌ಫಾರ್ಮಿನ ಅಂಚಿನ ಬಾಗನ್ನೇ ಗಮನಿಸಿ. ಮೇಲೆ ಹೇಳಿದ ಸಂದು ಎಂತಹದ್ದೆಂಬುದು ಅರ್ಥವಾಗುತ್ತದೆ.

ಯಾವ ಕಾರಣಕ್ಕೂ ಹಳಿಗಿಳಿದು ಒಳಹೋಗುವ ಸಾಹಸ ಬೇಡ. ಅದು ಕಾನೂನುಬಾಹಿರ, ಮೇಲಾಗಿ ಪಕ್ಕದ ಮೂರನೆಯ ಹಳಿಯಲ್ಲಿ 600 ವೋಲ್ಟಿಗೂ ಹೆಚ್ಚಿನ ವಿದ್ಯುತ್ ಹರಿಯುತ್ತಿರುತ್ತದೆ. ಪ್ಲಾಟ್‌ಫಾರ್ಮಿನಲ್ಲೇ ನಿಂತು ನೋಡಬೇಕೆಂದರೆ ನ್ಯೂಯಾರ್ಕ್ ಟ್ರಾನ್ಸಿಟ್ ಮ್ಯೂಸಿಯಂ ತನ್ನ ಸದಸ್ಯರಿಗಾಗಿ ಏರ್ಪಡಿಸುವ ಭೇಟಿಯೇ ಸರಿಯಾದ ದಾರಿ. ಟಿಕೆಟ್ಟುಗಳು ಬೇಗನೆ ಮುಗಿಯುತ್ತವೆ, ಅಗ್ಗವೂ ಅಲ್ಲ.

ಇತಿಹಾಸವನ್ನು ಇನ್ನಷ್ಟು ಆಳವಾಗಿ ತಿಳಿಯಬಯಸುವವರು ಎರಡು ಬಗೆಯ ದಾಖಲೆಗಳಿಂದ ಆರಂಭಿಸಬಹುದು. ಈ ಒಳಾಂಗಣಕ್ಕೆ 1979ರಲ್ಲಿ ನಗರದ ಸಂರಕ್ಷಿತ ಸ್ಮಾರಕದ ಮಾನ್ಯತೆ ದೊರೆತಾಗ ಸಿದ್ಧವಾದ ವರದಿಯು ವಾಸ್ತುಶಿಲ್ಪಿಗಳಾದ ಹೈನ್ಸ್ ಮತ್ತು ಲಫಾರ್ಜ್ ಅವರ ಕೆಲಸವನ್ನೂ, ಮುಖ್ಯ ಎಂಜಿನಿಯರ್ ವಿಲಿಯಂ ಬಾರ್ಕ್ಲೇ ಪಾರ್ಸನ್ಸ್ ಅವರ ಯೋಜನೆಯನ್ನೂ ಅರಿಯಲು ನೆರವಾಗುತ್ತದೆ. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ಸಿನ ಡಿಜಿಟಲ್ ಸಂಗ್ರಹದಲ್ಲಿ ಹಳೆಯ ಛಾಯಾಚಿತ್ರಗಳು ಸಿಗುತ್ತವೆ. ಅವುಗಳಲ್ಲಿ ಅಲಂಕಾರಕ್ಕಿಂತ ಮೊದಲು ಹಳಿ, ಅಂಚು ಮತ್ತು ಬೋಗಿಯ ಬಾಗಿಲುಗಳನ್ನು ಪರಿಶೀಲಿಸಿ. ಬಿಡುವಿದ್ದರೆ ಬ್ರೂಕ್ಲಿನ್‌ನಲ್ಲಿರುವ ಆ ಮ್ಯೂಸಿಯಂಗೂ ಹೋಗಿಬನ್ನಿ. ಅದು ನೆಲೆಗೊಂಡಿರುವುದೂ 1936ರಲ್ಲಿ ತೆರೆದು 1946ರಲ್ಲಿ ಮುಚ್ಚಿದ ಕೋರ್ಟ್ ಸ್ಟ್ರೀಟ್ ನಿಲ್ದಾಣದಲ್ಲಿ. ಅಲ್ಲಿ ಹಳಿಗಳ ಮೇಲೆ ನಿಲ್ಲಿಸಿರುವ ಹಳೆಯ ಬೋಗಿಗಳ ಒಳಗೆ ಹತ್ತಿ ನೋಡಬಹುದು.