ಮುಳುಗಿದ ಓಣಿಯನ್ನು ಹಳೆ ಕದದ ಮೇಲೆ ತೆಗೆದದ್ದು

ನಾನು ಟೇಲರ್. ಬಾಗಲಕೋಟೆಯ ನವನಗರದಲ್ಲಿ ಮನೆಯಲ್ಲೇ ಮಷಿನ್ ಇಟ್ಟುಕೊಂಡು ಜಂಪರ್, ಗುಳೇದಗುಡ್ಡ ಖಣದ ಕುಬಸ ಹೊಲಿಯುತ್ತೇನೆ. ಮಧ್ಯಾಹ್ನ ಊಟ ಆದ ಮೇಲೆ ಎರಡು ತಾಸು ಬ್ರಷ್ ಹಿಡಿದು ಚಿತ್ರ ತೆಗೆಯುತ್ತೇನೆ. ಯಾರ ಹತ್ತಿರವೂ ಕಲಿತದ್ದಲ್ಲ. ತೆಗೆಯುವುದು ಒಂದೇ ಓಣಿ, ಹಳೆ ಬಾಗಲಕೋಟೆಯಲ್ಲಿ ಘಟಪ್ರಭೆ ಕಡೆಗೆ ಇಳಿಯುತ್ತಿದ್ದ ನಮ್ಮ ಓಣಿ. ಆಲಮಟ್ಟಿ ಅಣೆಕಟ್ಟಿನಲ್ಲಿ ಸಮುದ್ರಮಟ್ಟದಿಂದ 519.6 ಮೀಟರ್‌ವರೆಗೆ ನೀರು ನಿಲ್ಲಿಸಿದ ಮೇಲೆ ಅದು ಹಿನ್ನೀರಿನ ಪಾಲಾಯಿತು. ಓಣಿಯ ಒಂದು ಫೋಟೋ ಕೂಡ ನಮ್ಮಲ್ಲಿಲ್ಲ. ಮದುವೆ ಫೋಟೋ ಬೇಕಾದಷ್ಟಿವೆ, ಅವುಗಳಲ್ಲಿ ಜನ ಇದ್ದಾರೆ, ಓಣಿ ಇಲ್ಲ.

ಮೊದಲು ತೆಗೆದದ್ದು ಸೀರೆ ಡಬ್ಬಿಯ ರಟ್ಟಿನ ಮೇಲೆ, ಗೇಟಿಗೆ ಬಳಿದು ಉಳಿದ ಎನಾಮಲ್ ಪೇಂಟಿನಿಂದ. ಆಗ ಮಳೆಗಾಲ. ಒಂದು ಕೋಟ್ ಒಣಗುವ ಮೊದಲೇ ಇನ್ನೊಂದನ್ನು ದಪ್ಪಗೆ ಬಳಿದೆ. ಮೇಲೆ ಕೆನೆ ಕಟ್ಟಿತು, ಒಳಗೆ ಹಸಿ ಹಾಗೇ ಉಳಿಯಿತು, ಮರುದಿನ ನೋಡಿದರೆ ಆಕಾಶ ಪೂರ್ತಿ ಕಾಯಿಸಿದ ಹಾಲಿನ ಕೆನೆಯ ಹಾಗೆ ಸುಕ್ಕಾಗಿತ್ತು. ಬಿಳಿ ಎನಾಮಲ್ಲು ದಿನ ಕಳೆದ ಹಾಗೆ ಹಳದಿಯಾಗುತ್ತದೆ, ಅದೂ ಆಮೇಲೆ ಗೊತ್ತಾಯಿತು. ಈಗ ಗೋಡೆಗೆ ಬಳಿಯುವ ಬಿಳಿ ಎಮಲ್ಷನ್ ಒಂದು ಲೀಟರ್ ತಂದು, ಸಣ್ಣ ಬಾಟಲಿಯ ಸ್ಟೇನರ್ ಹನಿ ಹಾಕಿ ಬಣ್ಣ ಮಾಡಿಕೊಳ್ಳುತ್ತೇನೆ. ಹಾರ್ಡ್‌ಬೋರ್ಡ್ ಆದರೆ ಎರಡೂ ಕಡೆ ಪ್ರೈಮರ್ ಬಳಿಯಲೇಬೇಕು, ಒಂದೇ ಕಡೆ ಬಳಿದರೆ ಬಿಲ್ಲಿನಂತೆ ಬಾಗುತ್ತದೆ.

ನನ್ನ ಚಿತ್ರ ನೋಡಿದ ಒಬ್ಬ ಡ್ರಾಯಿಂಗ್ ಸರ್ ಬಹಳ ಪ್ರೀತಿಯಿಂದ ಕೂತು ಹೇಳಿಕೊಟ್ಟರು. ದೂರದ್ದು ಸಣ್ಣದಾಗಬೇಕು, ಓಣಿಯ ಎರಡೂ ಗೆರೆ ಒಂದು ಬಿಂದುವಿಗೆ ಹೋಗಿ ಸೇರಬೇಕು. ಅವರು ಹೇಳಿದ್ದು ಸುಳ್ಳಲ್ಲ. ಸ್ಕೇಲ್ ಹಿಡಿದು ಆರು ತಿಂಗಳು ಹಾಗೇ ಮಾಡಿದೆ. ಓಣಿ ಸರಿಯಾಗಿಯೇ ಬಂತು. ಆದರೆ ಓಣಿಯ ತುದಿಗೆ ಇದ್ದದ್ದು ನಮ್ಮ ಸೋದರತ್ತೆಯ ಮನೆ. ಹನ್ನೊಂದು ಮಂದಿ ಇದ್ದ ಮನೆ, ಬೇಸಿಗೆಯಲ್ಲಿ ಶಾವಿಗೆ ಹೊಸೆಯಲು ಓಣಿಯ ಹೆಂಗಸರೆಲ್ಲ ಸೇರುತ್ತಿದ್ದ ಕಟ್ಟೆ. ಸರ್ ಹೇಳಿದ ಲೆಕ್ಕದಲ್ಲಿ ಅದು ನನ್ನ ಉಗುರಿನಷ್ಟಾಯಿತು. ಅಷ್ಟರಲ್ಲಿ ಅವರನ್ನೆಲ್ಲ ಎಲ್ಲಿ ಕೂಡಿಸಲಿ? ಆ ಬೋರ್ಡಿಗೆ ಮತ್ತೆ ಬಿಳಿ ಬಳಿದೆ.

ದಾರಿ ಸಿಕ್ಕಿದ್ದು ಒಂದು ಜಗಳದಲ್ಲಿ. ಕಾಕಾ ಬಂದವರು ಚಿತ್ರ ನೋಡಿ, "ಬಾವಿ ಎಡಕ್ಕ ಇತ್ತಲ್ಲ ತಂಗಿ, ಬಲಕ್ಕ ಯಾಕ ತಗದಿ?" ಅಂದರು. ಅವ್ವ ಒಳಗಿಂದಲೇ, "ಏ, ಬಲಕ್ಕನ ಇತ್ತ, ಇಪ್ಪತ್ತು ವರ್ಷ ನಾ ನೀರು ಸೇದೀನಿ" ಅಂದಳು. ಚಹಾ ಆರಿತು, ಜಗಳ ಮುಗಿಯಲಿಲ್ಲ. ರಾತ್ರಿ ಹೊಳೆಯಿತು. ಕಾಕಾ ದಿನಾ ಹೊಳೆ ಕಡೆಯ ಹೊಲದಿಂದ ಮನೆಗೆ ಬರುವವರು, ಅವ್ವ ಪೇಟೆ ಕಡೆಯಿಂದ ಬರುವವಳು. ಇಬ್ಬರದೂ ಖರೆ! ಒಂದು ಕಡೆ ನಿಂತು ತೆಗೆದರೆ ಇನ್ನೊಬ್ಬರದು ಸುಳ್ಳಾಗುತ್ತದೆ. ಅದಕ್ಕೆ ಓಣಿಯನ್ನು ಮೇಲಿನಿಂದ ನೋಡಿದ ಹಾಗೆ ನಡುವೆ ಹಾಸಿದೆ. ಎರಡೂ ಸಾಲಿನ ಮನೆಗಳನ್ನು, ಕುಬಸದ ಹೊಲಿಗೆ ಬಿಚ್ಚಿ ನೆಲದ ಮೇಲೆ ಹರಡಿದ ಹಾಗೆ, ಆಚೆ ಈಚೆ ಮಲಗಿಸಿದೆ. ಬೋರ್ಡನ್ನು ತಿರುಗಿಸಿದರೆ ಕಾಕಾನ ಓಣಿ, ಹಾಗೇ ಹಿಡಿದರೆ ಅವ್ವನ ಓಣಿ. ಎಲ್ಲ ಮನೆಯೂ ಒಂದೇ ಅಳತೆ. ಅತ್ತೆಯ ಮನೆ ಮಾತ್ರ ಸ್ವಲ್ಪ ದೊಡ್ಡದು, ಮಂದಿ ಜಾಸ್ತಿ ಇದ್ದರಲ್ವಾ.

ಯಾರ ಹತ್ತಿರವೂ ಕಲಿಯದೆ ಹೀಗೆ ತೆಗೆಯುವುದಕ್ಕೆ ನಯೀವ್ ಆರ್ಟ್ ಅನ್ನುತ್ತಾರೆ ಅಂತ ಮಗಳು ಮೊಬೈಲಿನಲ್ಲಿ ತೋರಿಸಿದಳು. ಅಮೆರಿಕದ ಗ್ರ್ಯಾಂಡ್ಮಾ ಮೋಸೆಸ್ ಕಸೂತಿ ಹಾಕುತ್ತಿದ್ದವರು, ಸಂಧಿವಾತದಿಂದ ಸೂಜಿ ಹಿಡಿಯಲು ಆಗದೆ ಎಪ್ಪತ್ತು ದಾಟಿದ ಮೇಲೆ ಬ್ರಷ್ ಹಿಡಿದರು. ಆದರೆ ನನ್ನ ಮನಸ್ಸು ನಿಂತದ್ದು ಆಲ್ಫ್ರೆಡ್ ವಾಲಿಸ್ ಅವರ ಹತ್ತಿರ. ಇಂಗ್ಲೆಂಡಿನ ಸೇಂಟ್ ಐವ್ಸ್ ಅನ್ನೋ ಬಂದರಿನಲ್ಲಿದ್ದವರು. ಹಡಗಿನ ಕೆಲಸ, ಆಮೇಲೆ ಗುಜರಿ ವ್ಯಾಪಾರ. 1922ರಲ್ಲಿ ಹೆಂಡತಿ ತೀರಿಕೊಂಡ ಮೇಲೆ, ಎಪ್ಪತ್ತರ ಹತ್ತಿರದಲ್ಲಿ, ದೋಣಿಗೆ ಬಳಿಯುವ ಬಣ್ಣದಿಂದ ಹರಿದ ರಟ್ಟಿನ ಮೇಲೆ ಹಡಗು ತೆಗೆಯಲು ಶುರು ಮಾಡಿದರು. ರಟ್ಟು ಸೊಟ್ಟಗಿದ್ದರೆ ಸಮುದ್ರವೂ ಹಾಗೇ. ಮುಖ್ಯವಾದದ್ದು ದೊಡ್ಡದು, ಉಳಿದದ್ದು ಸಣ್ಣದು. ಹಿಂದೆ ಇದ್ದದ್ದನ್ನು, ಇನ್ನು ನಾವು ಎಂದೂ ನೋಡದಂಥದ್ದನ್ನು ನೆನಪಿನಿಂದ ತೆಗೆಯುತ್ತೇನೆ ಅಂತ ಅವರೇ ಒಂದು ಪತ್ರದಲ್ಲಿ ಬರೆದಿದ್ದಾರೆ. ಅದನ್ನು ಓದಿ ಅವತ್ತು ಮಷಿನ್ ಮುಂದೆ ಸುಮ್ನೆ ಕೂತುಬಿಟ್ಟೆ.

ಕನ್ನಡದಲ್ಲಿ ಇದನ್ನು ಮುಗ್ಧ ಕಲೆ ಅನ್ನುತ್ತಾರೆ. ಆ ಮಾತು ನನಗೆ ಅಷ್ಟು ಹಿಡಿಸುವುದಿಲ್ಲ. ಏನೂ ಗೊತ್ತಿಲ್ಲದೆ ತೆಗೆದದ್ದು ಅನ್ನಿಸುತ್ತದೆ. ನನ್ನ ಹತ್ತಿರ ಒಂದು ಇನ್ನೂರು ಪುಟದ ನೋಟ್‌ಬುಕ್ ಇದೆ. ಯಾರ ಮನೆಗೆ ಎಷ್ಟು ಮೆಟ್ಟಿಲು, ಯಾರ ಮಾಳಿಗೆಗೆ ಎಷ್ಟು ಬೆಳಕಿಂಡಿ, ಎಲ್ಲ ಕೇಳಿ ಕೇಳಿ ಬರೆದದ್ದು. ಗೋಡೆಯ ಬಣ್ಣಕ್ಕೇ ಒಂದು ತಿಂಗಳು ಹೋಯಿತು. ಅವ್ವ ಸುಣ್ಣಕ್ಕೆ ಬಟ್ಟೆಯ ನೀಲಿ ಹಾಕುತ್ತಿದ್ದಳು, ಬಳಿದಾಗ ಆಕಾಶದ ಹಾಗೆ, ಯುಗಾದಿ ಹೊತ್ತಿಗೆ ಮಜ್ಜಿಗೆಯ ಹಾಗೆ. ನನಗೆ ಬೇಕಾದದ್ದು ಇವೆರಡರ ನಡುವಿನದು. ಕಾಲು ಲೀಟರ್ ಬಿಳಿಗೆ ನೀಲಿ ನಾಲ್ಕು ಹನಿ, ಕಪ್ಪು ಒಂದೇ ಹನಿ. ಕಪ್ಪು ಎರಡು ಹನಿ ಬಿದ್ದರೆ ಗೋಡೆ ಸಿಮೆಂಟಾಗುತ್ತದೆ. ಊರು ಮುಳುಗುವ ಮುಂಚೆ ಸರ್ವೆಯವರು ಗೋಡೆಗಳ ಮೇಲೆ ಕೆಂಪು ಬಣ್ಣದಲ್ಲಿ ಬರೆದ ನಂಬರುಗಳೂ ನೆನಪಿವೆ. ಅವನ್ನೂ ಚಿತ್ರದಲ್ಲಿ ಬರೆಯಬೇಕೋ ಬೇಡವೋ ಅಂತ ಒಂದು ವಾರ ಯೋಚಿಸಿದೆ. ಬಿಟ್ಟೆ. ನನ್ನ ಓಣಿಗೆ ಇನ್ನೂ ಸರ್ವೆಯವರು ಬಂದಿಲ್ಲ.

ಹೋದ ವರ್ಷದಿಂದ ಕದದ ಮೇಲೆ ತೆಗೆಯುತ್ತಿದ್ದೇನೆ. ಊರು ಬಿಡುವಾಗ ಮನೆಯ ಜಂತಿ, ಬಾಗಿಲು ಎಲ್ಲ ಟ್ರ್ಯಾಕ್ಟರಿನಲ್ಲಿ ಹೇರಿಕೊಂಡು ಬಂದಿದ್ದೆವು. ತಲಬಾಗಿಲಿನ ಎರಡು ಸಾಗವಾನಿ ಕದ ಹೊಸ ಮನೆಗೆ ಹೊಂದಲಿಲ್ಲ, ಬಚ್ಚಲ ಹಿಂದೆ ನಿಂತಿದ್ದವು. ಒಂದನ್ನು ಬಿಸಿನೀರು, ಸೋಡಾ ಹಾಕಿ ತೊಳೆದು, ಹದಿನೈದು ದಿನ ನೆರಳಲ್ಲಿ ಒಣಗಿಸಿ, ಪಾಲಿಶ್ ಪೇಪರ್ ತಿಕ್ಕಿ ಪ್ರೈಮರ್ ಬಳಿದೆ. ಎಲ್ಲ ಕಡೆ ಹಿಡಿಯಿತು, ಎದೆಮಟ್ಟದಲ್ಲಿ ಅಂಗೈಯಷ್ಟು ಜಾಗದಲ್ಲಿ ಮಾತ್ರ ಎದ್ದು ಬಂತು. ಕದ ನೂಕಿ ನೂಕಿ ಕೈಯೆಣ್ಣೆ ಕುಡಿದ ಜಾಗ ಅದು. ಮತ್ತೆ ತಿಕ್ಕಲು ಹೋದೆ, ಅವ್ವ ಬೇಡ ಅಂದಳು. ಕಟ್ಟಿಗೆ ಹಾಗೇ ಬಿಟ್ಟು ಸುತ್ತಲೂ ಬೇವಿನ ಮರ ತೆಗೆದೆ, ಈಗ ಅದು ಮರದ ಕೆಳಗಿನ ಮಣ್ಣು. ಅದರ ಕೆಳಗೆ ಚಿಲಕ ಕಿತ್ತ ತೂತಿತ್ತು. ಅದು ಬಾವಿ.

ಇನ್ನೊಂದು ಕದ ಹೋಳಿ ಹಬ್ಬದ ಚಿತ್ರಕ್ಕೆ. ಹಲಗಿ, ಸೋಗು, ಬಣ್ಣದ ಬಂಡಿ ಎಲ್ಲ ಬರಬೇಕು. ಪ್ರೈಮರ್ ಒಣಗಿದೆ, ಶುರು ಮಾಡಿಲ್ಲ. ನಮ್ಮ ಓಣಿಯ ಬಂಡಿಯಲ್ಲಿ ನಾಲ್ಕು ಬ್ಯಾರಲ್ ಇದ್ದವು ಅಂತ ಕಾಕಾ, ಆರು ಅಂತ ಎದುರು ಮನೆಯವರು. ಆ ಬಂಡಿ ಹೊಡೆಯುತ್ತಿದ್ದವರ ಮಗ ವಿದ್ಯಾಗಿರಿಯಲ್ಲಿ ಇದ್ದಾನಂತೆ, ಭಾನುವಾರ ಹೋಗಿ ಕೇಳಿಕೊಂಡು ಬರುತ್ತೇನೆ.