ಸೀಲು ಬಿದ್ದ ಪ್ರತಿ

ಕಲಬುರಗಿಯಲ್ಲಿ ಕ್ರಿಮಿನಲ್ ಕೇಸು ನಡೆಸುವ ನನ್ನ ಬಳಿ ಬರುವವರು ಮೊದಲು ಕೇಳುವುದು, 'ವಕೀಲ್ ಸಾಹೇಬ್ರ, ಅರೆಸ್ಟ್ ಮಾಡ್ತಾರೇನ್ರಿ?' ಅಂತಲೇ. ನಾನು ತಿರುಗಿ ಕೇಳುತ್ತೇನೆ: 'ನೋಟಿಸ್ ಕೊಟ್ಟಾರೇನು?'

ಏಳು ವರ್ಷದವರೆಗೆ ಶಿಕ್ಷೆ ಇರುವ ಅಪರಾಧವಾದರೆ, ಕೇಸು ದಾಖಲಾಯಿತೆಂಬ ಒಂದೇ ಕಾರಣಕ್ಕೆ ದಸ್ತಗಿರಿ ಮಾಡುವಂತಿಲ್ಲ. ಸುಪ್ರೀಂ ಕೋರ್ಟಿನ 2014ರ ಅರ್ನೇಶ್ ಕುಮಾರ್ ತೀರ್ಪು ಅದು. ದಸ್ತಗಿರಿ ಯಾಕೆ ಬೇಕೆಂದು ತನಿಖಾಧಿಕಾರಿ ಬರೆದಿಡಬೇಕು. ಬೇಡವಾದರೆ ಹಾಜರಾಗಲು ನೋಟಿಸ್ ಕೊಡಬೇಕು. 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಇದು 35ನೇ ಕಲಂ. (ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 41-ಎ ಅಂದರೇ ಇನ್ನೂ ಎಲ್ಲರಿಗೂ ಬೇಗ ತಿಳಿಯುತ್ತದೆ.)

ತೊಗರಿ ವ್ಯಾಪಾರಿಯೊಬ್ಬರ ಮೇಲೆ ವಂಚನೆ ಕೇಸಾಗಿತ್ತು. ಮಾಲು ಒಯ್ದು ದುಡ್ಡು ಕೊಟ್ಟಿಲ್ಲ ಅಂತ ಫಿರ್ಯಾದು. ನೋಟಿಸ್ ವಾಟ್ಸಾಪ್‌ನಲ್ಲಿ ಬಂತು. ಹಾಗೆ ಕಳಿಸಿದರೆ ಜಾರಿಯಾದಂತಲ್ಲ ಎಂದು 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಅದನ್ನೇ ಹಿಡಿದು ಕಕ್ಷಿದಾರರನ್ನು ಮನೆಯಲ್ಲಿ ಕೂರಿಸುವ ವಕೀಲರಿದ್ದಾರೆ. ನನಗದು ಜಾಣತನ ಅನ್ನಿಸುವುದಿಲ್ಲ. 'ಆರೋಪಿ ಸಹಕರಿಸುತ್ತಿಲ್ಲ' ಎಂದು ಬರೆಯಲು ನಾವೇ ದಾರಿ ಮಾಡಿಕೊಟ್ಟಂತೆ. ಠಾಣೆಗೆ ಹೋಗಿ ಕೈಯಲ್ಲೇ ನೋಟಿಸ್ ಪಡೆದೆವು. ಖಾತೆ ಪುಸ್ತಕ, ಅಡತಿ ಅಂಗಡಿಯ ಪಟ್ಟಿಗಳು (ಬಿಲ್ಲುಗಳು), ಬ್ಯಾಂಕ್ ವಿವರ ಎಲ್ಲಕ್ಕೂ ಪುಟಸಂಖ್ಯೆ ಹಾಕಿ, ಪತ್ರದ ಜೊತೆ ಒಪ್ಪಿಸಿ, ನಮ್ಮ ಪ್ರತಿಯ ಮೇಲೆ ಠಾಣೆಯ ಸೀಲು, ಸಹಿ, ತಾರೀಖು ಹಾಕಿಸಿಕೊಂಡೆ. ಸೀಲಿಗಾಗಿ ಬಹಳ ಹೊತ್ತು ಕಾಯಿಸಿದರು, ಕಾದೆ.

ಆದರೂ ದಸ್ತಗಿರಿಯಾಯಿತು. ಪೊಲೀಸರಿಗೆ ಆ ಅಧಿಕಾರವೇ ಇಲ್ಲವೆಂದಲ್ಲ. ಆದರೆ ನೋಟಿಸ್‌ಗೆ ಹಾಜರಾಗುತ್ತಿರುವವರನ್ನು ಹಿಡಿಯಲು ಬೇರೆಯೇ ಕಾರಣ ದಾಖಲಿಸಬೇಕು. ಬಂಧನದಲ್ಲಿಡಲು ಪೊಲೀಸರು ಮ್ಯಾಜಿಸ್ಟ್ರೇಟರಿಗೆ ಕೊಟ್ಟ ರಿಮಾಂಡ್ ಅರ್ಜಿಯಲ್ಲಿದ್ದದ್ದು 'ಸಾಕ್ಷ್ಯ ನಾಶಪಡಿಸುವ ಸಾಧ್ಯತೆ' ಎಂಬ ಒಂದು ಸಾಲು. ನಾನು ಭಾಷಣ ಮಾಡಲಿಲ್ಲ. ಸೀಲು ಬಿದ್ದ ಪ್ರತಿ ಮುಂದಿಟ್ಟು, ಪುಸ್ತಕಗಳೆಲ್ಲ ಠಾಣೆಯಲ್ಲೇ ಇವೆ ಎಂದೆ. ಹಾಗಾದರೆ ನಾಶವಾಗುವುದು ಯಾವ ಸಾಕ್ಷ್ಯ ಎಂದು ಮ್ಯಾಜಿಸ್ಟ್ರೇಟರು ಕೇಳಿದರು. ತನಿಖಾಧಿಕಾರಿಯ ಬಳಿ ಉತ್ತರವಿರಲಿಲ್ಲ. ವ್ಯಾಪಾರಿ ಬಾಂಡ್ ಬರೆದುಕೊಟ್ಟು ಮನೆಗೆ ಹೋದರು. ಕಾರಣ ದಾಖಲಿಸದೆ ಬಂಧನಕ್ಕೆ ಒಪ್ಪಿದ ಮ್ಯಾಜಿಸ್ಟ್ರೇಟರ ಮೇಲೆ ಹೈಕೋರ್ಟು ಇಲಾಖಾ ಕ್ರಮ ಕೈಗೊಳ್ಳಬಹುದೆಂದು ಅದೇ 2014ರ ತೀರ್ಪಿನಲ್ಲಿದೆ. ಅದನ್ನು ಕೋರ್ಟಿನಲ್ಲಿ ಓದಿ ಹೇಳುವ ಪ್ರಮೇಯ ನನಗೆ ಬರಲಿಲ್ಲ.

ಫಿರ್ಯಾದಿಯ ಪರ ನಿಂತಾಗ ಇದೇ ಕಾನೂನು ಹೇಳುವುದು ಕಷ್ಟ. 'ಮೊದ್ಲ ಒಳಗ ಹಾಕಸ್ರಿ, ಕೇಸ್ ಆಮ್ಯಾಲ ನೋಡಮ್ರಿ' ಅನ್ನುತ್ತಾರೆ. ಠಾಣೆಯಲ್ಲಿ ಎಫ್‌ಐಆರ್ ಮಾಡದಿದ್ದರೆ ಎಸ್‌ಪಿಗೆ, ನಗರದೊಳಗಾದರೆ ಕಮಿಷನರ್ ಕಚೇರಿಗೆ ಬರೆದು, ಆಮೇಲೆ ಅಫಿಡವಿಟ್ ಸಮೇತ ಅದೇ ಸಂಹಿತೆಯ 175(3)ನೇ ಕಲಮಿನಡಿ ಮ್ಯಾಜಿಸ್ಟ್ರೇಟರಿಗೆ ಅರ್ಜಿ ಹಾಕುತ್ತೇನೆ. ಅದರಲ್ಲಿ ಕೇಳಬಹುದಾದದ್ದು ತನಿಖೆ. ಇಂಥವರನ್ನು ಹಿಡಿಯಿರಿ ಎಂದು ಕೇಳಲು ಬರುವುದಿಲ್ಲ, ಅದು ತನಿಖಾಧಿಕಾರಿಯ ವಿವೇಚನೆ. ಇಷ್ಟು ಕೇಳಿ ಫೈಲು ವಾಪಸ್ ಒಯ್ದವರೂ ಇದ್ದಾರೆ. ಉಳಿದವರಿಂದ ಅಸಲು ಪಟ್ಟಿ, ಸಾಕ್ಷಿದಾರರ ಹೆಸರು ತರಿಸಿಕೊಳ್ಳುತ್ತೇನೆ.